ಜಿರಳೆಯ ಮೇಲಿನ ಜಗಳ: ಬರಹಗಾರನೊಬ್ಬ ನಿರ್ದೇಶಕನಾದ ಬಗೆ

ಮೆಕ್ಸಿಕೋ ಗಡಿಯ ಒಂದು ಊರು. ಅಗ್ಗದ ಹೋಟೆಲಿನ ಕೋಣೆ. ಯುರೋಪಿನಿಂದ ಬಂದವನೊಬ್ಬ ಅಮೆರಿಕದ ವೀಸಾಕ್ಕಾಗಿ ಕಾದು ಕಾದು ಅಲ್ಲೇ ಕೊಳೆಯುತ್ತಿದ್ದಾನೆ. ಗೋಡೆ ಮೇಲೆ ಒಂದು ಜಿರಳೆ ಹರಿದು ಹೋಗುತ್ತದೆ. ಅವನು ಬೆತ್ತ ಚಾಚಿ ಅದರ ದಾರಿಗೆ ಅಡ್ಡ ಹಿಡಿಯುತ್ತಾನೆ. ಗಡಿಯಲ್ಲಿ ನಿಂತ ಅಧಿಕಾರಿಯ ದನಿಯಲ್ಲಿ ವಿಚಾರಿಸುತ್ತಾನೆ: ಎಲ್ಲಿಗೆ ಹೊರಟೆ, ವೀಸಾ ತೋರಿಸು, ಕಾಗದಪತ್ರ ಎಲ್ಲಿ?

ಈ ದೃಶ್ಯವನ್ನು ಯಾರೂ ಸಿನಿಮಾದಲ್ಲಿ ನೋಡಿಲ್ಲ. ಬರೆದದ್ದು ನಿಜ, ಶೂಟಿಂಗ್ ಆಗಲಿಲ್ಲ.

1941ರಲ್ಲಿ ಪ್ಯಾರಮೌಂಟ್ ಸ್ಟುಡಿಯೋದಿಂದ ಬಂದ 'ಹೋಲ್ಡ್ ಬ್ಯಾಕ್ ದ ಡಾನ್' ಚಿತ್ರಕ್ಕೆ ಬಿಲ್ಲಿ ವೈಲ್ಡರ್ ಮತ್ತು ಚಾರ್ಲ್ಸ್ ಬ್ರಾಕೆಟ್ ಸೇರಿ ಇದನ್ನು ಬರೆದಿದ್ದರು. ನಾಯಕ ಫ್ರೆಂಚ್ ನಟ ಚಾರ್ಲ್ಸ್ ಬೋಯೆ. ಒಂದು ದಿನ ಊಟದ ಹೊತ್ತಿನಲ್ಲಿ ಬೋಯೆ ವೈಲ್ಡರ್‌ಗೆ ಎದುರಾದ. ಜಿರಳೆ ದೃಶ್ಯ ಕೈಬಿಟ್ಟೆವು ಅಂದ. ಜಿರಳೆ ಜೊತೆ ಮಾತಾಡಿದರೆ ಅದೇನು ತಿರುಗಿ ಉತ್ತರ ಕೊಡುತ್ತದಾ ಅನ್ನುವುದು ಅವನ ವಾದ. ನಿರ್ದೇಶಕ ಮಿಚೆಲ್ ಲೈಸನ್ ಆಗಲೇ ಹೂಂ ಅಂದುಬಿಟ್ಟಿದ್ದ. ವೈಲ್ಡರ್ ಮುಂದೆ ವಯಸ್ಸಾದ ಮೇಲೂ ಈ ಕಥೆಯನ್ನು ಹೇಳುತ್ತಲೇ ಇದ್ದ. ಅವತ್ತು ತೀರಿಸಿಕೊಂಡ ಸೇಡಿನ ಕಥೆಯನ್ನೂ ಸೇರಿಸುತ್ತಿದ್ದ. ಚಿತ್ರದ ಕೊನೆಯ ಭಾಗ ಬರೆಯುವುದು ಇನ್ನೂ ಬಾಕಿ ಇತ್ತು. ಜಿರಳೆ ಜೊತೆ ಮಾತಾಡದವನು ಯಾರ ಜೊತೆಗೂ ಮಾತಾಡುವುದು ಬೇಡ ಅಂತ ಬೋಯೆಯ ಮಾತುಗಳನ್ನು ಕಡಿಮೆ ಮಾಡಿ, ನಾಯಕಿ ಒಲಿವಿಯಾ ಡಿ ಹ್ಯಾವಿಲೆಂಡ್‌ಗೆ ಜಾಸ್ತಿ ಕೊಟ್ಟರಂತೆ.

ಸೇಡು ತೀರಿತು, ದೃಶ್ಯ ಮಾತ್ರ ವಾಪಸ್ ಬರಲಿಲ್ಲ. ಮರುವರ್ಷ ವೈಲ್ಡರ್ ತಾನೇ ನಿರ್ದೇಶಕನಾದ.

ಚಿತ್ರಕಥೆ ಬರೆಯುವವರು ಯಾಕೆ ನಿರ್ದೇಶನಕ್ಕೆ ಇಳಿಯುತ್ತಾರೆ? ಇಳಿದ ಮೇಲೆ ಏನು ಬದಲಾಗುತ್ತದೆ? ಇದನ್ನು ತಿಳಿಯೋಕೆ ವೈಲ್ಡರ್‌ನ ವೃತ್ತಿಬದುಕು ಒಳ್ಳೆಯ ದಾರಿ. ಬರೆದದ್ದನ್ನು ಕಾಪಾಡಿಕೊಳ್ಳೋಕೆ ಅನ್ನುವುದು ಎಲ್ಲರಿಗೂ ಹೊಳೆಯುವ ಉತ್ತರ. ಅದು ಅರ್ಧ ಸರಿ. ಇನ್ನರ್ಧ ವಿಚಿತ್ರವಾಗಿದೆ: ಕುರ್ಚಿ ಸಿಕ್ಕಿದ ಮೇಲೆ ತನ್ನ ದೃಶ್ಯಗಳಿಗೆ ಯಾರಿಗಿಂತ ಮೊದಲು ಕತ್ತರಿ ಹಾಕಿದವನು ಅವನೇ.

ಅದಕ್ಕೂ ಮೊದಲು, ಚಿತ್ರಕಥೆ ಅಂದರೆ ಏನು ಅಂತ ಒಂದು ಮಾತು. ಕಥೆ, ಚಿತ್ರಕಥೆ, ಸಂಭಾಷಣೆ, ನಿರ್ದೇಶನ ಅಂತ ತೆರೆ ಮೇಲೆ ನಾಲ್ಕೂ ಒಂದೇ ಉಸಿರಿನಲ್ಲಿ ಬಂದು ಹೋಗುತ್ತವೆ. ಕಥೆ ಅಂದರೆ ಏನಾಯಿತು ಅನ್ನುವುದು. ಸಂಭಾಷಣೆ ಅಂದರೆ ಯಾರು ಏನು ಅಂದರು ಅನ್ನುವುದು. ಇವೆರಡೂ ಸುಲಭವಾಗಿ ಅರ್ಥವಾಗುತ್ತವೆ. ಚಿತ್ರಕಥೆ ಕೈಗೆ ಸಿಗುವುದಿಲ್ಲ. ಕಾದಂಬರಿಯಲ್ಲಿ 'ಗಂಡ ಇನ್ನು ಬರುವುದಿಲ್ಲ ಅಂತ ಅವಳಿಗೆ ಗೊತ್ತಾಯಿತು' ಅಂತ ಬರೆದರೆ ಮುಗಿಯಿತು. ಕ್ಯಾಮೆರಾಗೆ 'ಗೊತ್ತಾಗುವುದು' ಕಾಣಿಸುವುದಿಲ್ಲ. ಅದಕ್ಕೆ ಕಾಣುವುದು ಬಾಗಿಲು, ಚಪ್ಪಲಿ, ತಟ್ಟೆ. ದಿನಾ ಎರಡು ತಟ್ಟೆ ಇಡುತ್ತಿದ್ದವಳು ಇವತ್ತು ಒಂದನ್ನು ಇಟ್ಟು, ಇನ್ನೊಂದನ್ನು ಕೈಯಲ್ಲಿ ಹಿಡಿದು, ಮತ್ತೆ ಕಪಾಟಿಗೆ ಸೇರಿಸಿದಳು ಅಂತ ಬರೆದರೆ ಅದು ಚಿತ್ರಕಥೆ. ಆದರೆ ಈ ತಟ್ಟೆ ಕೆಲಸ ಮಾಡಬೇಕಾದರೆ ಹತ್ತು ನಿಮಿಷ ಮೊದಲು ಎರಡು ತಟ್ಟೆ ಇಡುವುದನ್ನು ತೋರಿಸಿರಬೇಕು. ಅದೂ ನೋಡುವವರಿಗೆ 'ಓಹೋ, ತಟ್ಟೆ ತೋರಿಸುತ್ತಿದ್ದಾರೆ' ಅಂತ ಅನಿಸದ ಹಾಗೆ. ಕಷ್ಟ ಇರುವುದು ಅಲ್ಲಿ.

ವೈಲ್ಡರ್ ಈ ಕೆಲಸಕ್ಕೆ ಬಂದದ್ದು ಸುತ್ತಿ ಬಳಸಿ. ಹುಟ್ಟಿದ್ದು 1906ರಲ್ಲಿ, ಆಗ ಆಸ್ಟ್ರಿಯಾ-ಹಂಗೆರಿಗೆ ಸೇರಿದ್ದ, ಈಗ ಪೋಲೆಂಡಿನಲ್ಲಿರುವ ಒಂದು ಸಣ್ಣ ಊರಿನಲ್ಲಿ. ಹೆಸರು ಸ್ಯಾಮುಯೆಲ್. ತಾಯಿ ಚಿಕ್ಕವಳಿದ್ದಾಗ ಅಮೆರಿಕದಲ್ಲಿ ಬಫೆಲೋ ಬಿಲ್‌ನ ಕೌಬಾಯ್ ಪ್ರದರ್ಶನ ನೋಡಿ ಮರುಳಾಗಿದ್ದಳು, ಹಾಗಾಗಿ ಮನೆಯಲ್ಲಿ ಮಗ 'ಬಿಲ್ಲಿ' ಆದ. ವಿಯೆನ್ನಾದಲ್ಲಿ ಪತ್ರಿಕೆ ಕೆಲಸಕ್ಕೆ ಸೇರಿದ, 1926ರಲ್ಲಿ ಬರ್ಲಿನ್‌ಗೆ ಹೋದ. ಅಲ್ಲಿ ಹೊಟ್ಟೆಪಾಡಿಗೆ ಕೆಲವು ಕಾಲ ಹೋಟೆಲಿನಲ್ಲಿ ಜೊತೆಗಾರರಿಲ್ಲದ ಹೆಂಗಸರ ಜೊತೆ ದುಡ್ಡಿಗೆ ಕುಣಿದ. ಆ ಅನುಭವವನ್ನೂ ಪತ್ರಿಕೆಗೆ ಬರೆದು ಇನ್ನಷ್ಟು ದುಡ್ಡು ಮಾಡಿಕೊಂಡ. ಮೂಕಿ ಚಿತ್ರಗಳಿಗೆ ಹೆಸರು ಹಾಕಿಸಿಕೊಳ್ಳದೆ ಬರೆದುಕೊಟ್ಟ. 1930ರಲ್ಲಿ ಗೆಳೆಯರು ಸೇರಿ, ನಟರೇ ಅಲ್ಲದವರನ್ನು ಹಾಕಿಕೊಂಡು, 'ಪೀಪಲ್ ಆನ್ ಸಂಡೇ' ಅನ್ನುವ ಚಿತ್ರ ಮಾಡಿದರು. ಬರ್ಲಿನ್‌ನ ನಾಲ್ಕೈದು ಜನ ಭಾನುವಾರ ಕೆರೆ ದಂಡೆಗೆ ಹೋಗಿ ಬರುತ್ತಾರೆ, ಕಥೆ ಅಂದರೆ ಅಷ್ಟೇ. ಆ ಗುಂಪಿನಲ್ಲಿದ್ದ ರಾಬರ್ಟ್ ಸಿಯೋಡ್ಮಾಕ್, ಫ್ರೆಡ್ ಜಿನ್ನೆಮನ್ ಕೂಡ ಮುಂದೆ ಹಾಲಿವುಡ್ಡಿನಲ್ಲಿ ದೊಡ್ಡ ಹೆಸರು ಮಾಡಿದರು.

1933ರಲ್ಲಿ ಹಿಟ್ಲರ್ ಬಂದ. ಯಹೂದಿಯಾದ ವೈಲ್ಡರ್ ಬರ್ಲಿನ್ ಬಿಟ್ಟು ಪ್ಯಾರಿಸ್ಸಿಗೆ ಓಡಿದ. ಅಲ್ಲಿ ಇನ್ನೊಬ್ಬರ ಜೊತೆ ಸೇರಿ ಒಂದು ಚಿತ್ರ ನಿರ್ದೇಶಿಸಿದ್ದೂ ಉಂಟು. 1934ರಲ್ಲಿ ಅಮೆರಿಕಕ್ಕೆ ಹೊರಟ. ತಾಯಿ, ಅಜ್ಜಿ, ಮಲತಂದೆ ಯುರೋಪಿನಲ್ಲೇ ಉಳಿದರು, ನಾಜಿಗಳ ಕೈಯಲ್ಲಿ ಸತ್ತರು. ಬರವಣಿಗೆಯನ್ನೇ ನಂಬಿದವನು ತನ್ನ ಭಾಷೆಯನ್ನು ಹಿಂದೆ ಬಿಟ್ಟು ಬಂದಿದ್ದ. ಬರುವಾಗ ಅವನಿಗೆ ಇಂಗ್ಲಿಷ್ ಸರಿಯಾಗಿ ಬರುತ್ತಿರಲಿಲ್ಲ. ರೇಡಿಯೋ ಕೇಳಿ ಕೇಳಿ ಕಲಿತ. ಹೊಸ ಭಾಷೆಯಲ್ಲಿ ಒಬ್ಬನೇ ಕೂತು ಬರೆಯುವ ಧೈರ್ಯ ಇಲ್ಲದ್ದರಿಂದಲೋ ಏನೋ, ಬದುಕಿನುದ್ದಕ್ಕೂ ಜೊತೆಗೊಬ್ಬರನ್ನು ಇಟ್ಟುಕೊಂಡೇ ಬರೆದ.

ಆ ಜೊತೆಗಾರರಲ್ಲಿ ಮುಖ್ಯವಾದವರಲ್ಲಿ ಮೊದಲಿಗ ಬ್ರಾಕೆಟ್. 1936ರಲ್ಲಿ ಸ್ಟುಡಿಯೋದವರು ಇವರಿಬ್ಬರನ್ನು ಒಂದು ಕೋಣೆಯಲ್ಲಿ ಕೂಡಿಹಾಕಿದರು. ಬ್ರಾಕೆಟ್ ಹಾರ್ವರ್ಡ್‌ನಲ್ಲಿ ಕಾನೂನು ಓದಿದವನು, ಅನುಕೂಲಸ್ಥ, ಮಾತು ಮೆತ್ತಗೆ. ವೈಲ್ಡರ್ ಒಂದು ಕಡೆ ನಿಲ್ಲದವನು. ಬ್ರಾಕೆಟ್ ಸೋಫಾ ಮೇಲೆ ಮಲಗಿ ಹಳದಿ ಹಾಳೆಯಲ್ಲಿ ಬರೆದುಕೊಳ್ಳುತ್ತಿದ್ದ, ವೈಲ್ಡರ್ ಕೈಯಲ್ಲಿ ಬೆತ್ತ ಹಿಡಿದು ಕೋಣೆ ತುಂಬ ಸುತ್ತುತ್ತಿದ್ದ. ಜಗಳ ಮಾಮೂಲು. ಹದಿಮೂರು ಹದಿನಾಲ್ಕು ವರ್ಷ ಹೀಗೇ ನಡೆಯಿತು.

ಇಬ್ಬರಿಗೂ ಪಾಠ ಸಿಕ್ಕಿದ್ದು ಎರ್ನ್ಸ್ಟ್ ಲುಬಿಚ್ ಅನ್ನುವ ನಿರ್ದೇಶಕನ ಹತ್ತಿರ. 1939ರ 'ನಿನೋಚ್ಕಾ' ಚಿತ್ರದ ಕೆಲಸ. ಸೋವಿಯತ್ ರಷ್ಯಾದಿಂದ ಪ್ಯಾರಿಸ್ಸಿಗೆ ಬಂದ ಕಟ್ಟುನಿಟ್ಟಿನ ಅಧಿಕಾರಿಣಿ ನಿಧಾನವಾಗಿ ಆ ಊರಿಗೆ ಮನಸೋಲುತ್ತಾಳೆ. ಈ ಮನಸೋಲುವುದನ್ನು ತೋರಿಸುವುದು ಹೇಗೆ? ವೈಲ್ಡರ್ ಮತ್ತು ಬ್ರಾಕೆಟ್ ಪುಟಗಟ್ಟಲೆ ಮಾತು ಬರೆದರು. ಲುಬಿಚ್‌ಗೆ ಹಿಡಿಸಲಿಲ್ಲ. ಕೊನೆಗೆ ಅವನೇ ಒಂದು ಟೋಪಿ ಹುಡುಕಿದ. ಬಂದ ದಿನ ಅವಳು ಅಂಗಡಿ ಗಾಜಿನ ಹಿಂದೆ ಒಂದು ತಮಾಷೆಯ ಟೋಪಿ ನೋಡಿ, ಹೆಂಗಸರು ಇಂಥದ್ದನ್ನು ಹಾಕಿಕೊಳ್ಳುವ ನಾಗರಿಕತೆ ಉಳಿಯುತ್ತದಾ ಅಂತ ಮೂಗು ಮುರಿಯುತ್ತಾಳೆ. ಇನ್ನೊಮ್ಮೆ ಅದೇ ಅಂಗಡಿ ಮುಂದೆ ಹಾದು ಹೋಗುತ್ತಾಳೆ. ಆಮೇಲೊಂದು ದಿನ ಕೋಣೆಯಲ್ಲಿ ಎಲ್ಲರನ್ನೂ ಹೊರಗೆ ಕಳಿಸಿ, ಬಾಗಿಲು ಹಾಕಿ, ಬೀಗ ಹಾಕಿದ್ದ ಡ್ರಾಯರ್‌ನಿಂದ ಆ ಟೋಪಿ ತೆಗೆದು ತಲೆಗಿಟ್ಟುಕೊಳ್ಳುತ್ತಾಳೆ. ಒಂದು ಮಾತಿಲ್ಲ. ಅವಳು ಯಾವಾಗ ಅಂಗಡಿಗೆ ಹೋದಳು, ಹೇಗೆ ಕೊಂಡಳು ಅನ್ನುವುದನ್ನು ನೋಡುವವರೇ ಊಹಿಸಿಕೊಳ್ಳಬೇಕು. ಲೆಕ್ಕ ಅವರಿಗೇ ಬಿಡು, ಕೂಡಿದ ಖುಷಿ ಅವರದಾಗಲಿ, ಇದು ಲುಬಿಚ್ ಹೇಳಿಕೊಟ್ಟ ವಿದ್ಯೆ. 'ಇದನ್ನು ಲುಬಿಚ್ ಆಗಿದ್ದರೆ ಹೇಗೆ ಮಾಡುತ್ತಿದ್ದ?' ಅನ್ನುವ ಫಲಕವನ್ನು ವೈಲ್ಡರ್ ಮುಂದೆ ತನ್ನ ಆಫೀಸಿನ ಗೋಡೆಗೆ ಹಾಕಿಕೊಂಡ.

ಅಲ್ಲಿ ನಿರ್ದೇಶಕ ಬರಹವನ್ನು ತಿದ್ದಿ ಮೇಲೆತ್ತಿದ. ಎರಡು ವರ್ಷದ ನಂತರ ಜಿರಳೆ ವಿಷಯದಲ್ಲಿ ಇನ್ನೊಬ್ಬ ನಿರ್ದೇಶಕ ಸುಮ್ನೆ ಬಿಟ್ಟುಕೊಟ್ಟ. ಎರಡೂ ಕಡೆ ಬರಹಗಾರನ ಅಧಿಕಾರ ಒಂದೇ, ಸೊನ್ನೆ. ಆಗಿನ ಹಾಲಿವುಡ್ಡಿನ ವ್ಯವಸ್ಥೆ ಹಾಗಿತ್ತು. ಬರಹಗಾರ ವಾರದ ಸಂಬಳದ ನೌಕರ. ಬರೆದ ಹಾಳೆ ಸ್ಟುಡಿಯೋದ ಸೊತ್ತು. ಒಬ್ಬ ಬರೆದದ್ದನ್ನು ಇನ್ನೊಬ್ಬನಿಗೆ ಕೊಟ್ಟು ತಿದ್ದಿಸಬಹುದು, ಮೂರನೆಯವನಿಂದ ನಗೆ ಮಾತು ಸೇರಿಸಬಹುದು. ಶೂಟಿಂಗ್ ನಡೆಯುವ ಕಡೆ ಬರೆದವನು ಬರುವುದು ಯಾರಿಗೂ ಬೇಕಿರಲಿಲ್ಲ. ಲೈಸನ್‌ಗಂತೂ ವೈಲ್ಡರ್ ಸುತ್ತ ಮುತ್ತ ಸುಳಿದರೆ ಆಗುತ್ತಿರಲಿಲ್ಲ. ಲೈಸನ್ ಬಟ್ಟೆ ಮತ್ತು ಸೆಟ್ ವಿನ್ಯಾಸದಿಂದ ಮೇಲೆ ಬಂದವನು. ಅವನಿಗೆ ಬರವಣಿಗೆಗಿಂತ ಲಂಗದ ನೆರಿಗೆಯೇ ಮುಖ್ಯ ಅಂತ ವೈಲ್ಡರ್ ಕೊನೆವರೆಗೂ ಹಂಗಿಸಿದ. ನನಗೆ ಇದು ಸ್ವಲ್ಪ ಅನ್ಯಾಯ ಅನಿಸುತ್ತದೆ. ಜಿರಳೆ ಇಲ್ಲದೆಯೂ ಆ ಚಿತ್ರ ಆಸ್ಕರ್‌ನ ಅತ್ಯುತ್ತಮ ಚಿತ್ರದ ಪಟ್ಟಿಗೆ ಹೋಯಿತು. ಆದರೆ ವೈಲ್ಡರ್‌ನ ನೋವು ಬೇರೆ. ಗಡಿಯಾಚೆ ವೀಸಾಕ್ಕೆ ಕಾದು ಕೂತ ಅನುಭವ ಅವನದೇ. ಆ ಜಿರಳೆಯನ್ನು ಅವನು ಎಲ್ಲಿಂದಲೋ ಹೆಕ್ಕಿ ತಂದಿರಲಿಲ್ಲ.

ಬರಹಗಾರನಿಂದ ನಿರ್ದೇಶಕನ ಕಡೆಗೆ ಬಾಗಿಲು ತೆರೆದವನು ಇನ್ನೊಬ್ಬ, ಪ್ರೆಸ್ಟನ್ ಸ್ಟರ್ಜಸ್. ನಾಟಕ ಬರೆದು ಹೆಸರು ಮಾಡಿ ಸಿನಿಮಾಕ್ಕೆ ಬಂದವನು, ಒಳ್ಳೆಯ ಸಂಬಳ ಎಣಿಸುತ್ತಿದ್ದವನು. ಅವನು ಪ್ಯಾರಮೌಂಟ್‌ಗೆ ಒಂದು ಚಿತ್ರಕಥೆಯನ್ನು 10 ಡಾಲರಿಗೆ ಮಾರಿದ. ಷರತ್ತು ಒಂದೇ, ನಿರ್ದೇಶನ ನನಗೇ ಕೊಡಬೇಕು. 1940ರಲ್ಲಿ ಬಂದ ಆ ಚಿತ್ರ 'ದ ಗ್ರೇಟ್ ಮೆಕ್‌ಗಿಂಟಿ'. ಮೂಲ ಚಿತ್ರಕಥೆಗೆ ಅಂತ ಆಸ್ಕರ್ ಕೊಡಲು ಶುರುಮಾಡಿದ ಮೊದಲ ವರ್ಷವೇ ಅದಕ್ಕೆ ಪ್ರಶಸ್ತಿ ಬಂತು. 10 ಡಾಲರಿನ ಲೆಕ್ಕ ನೋಡಿ, ಎಷ್ಟು ಜಾಣತನದ್ದು. ಬರಹಕ್ಕೆ ಬೆಲೆ ಬೇಡ ಅಂತಲ್ಲ, ಬೆಲೆಯನ್ನು ದುಡ್ಡಿನ ಬದಲು ಅಧಿಕಾರದಲ್ಲಿ ಕೇಳಿದ. ಮರುವರ್ಷ ವಾರ್ನರ್ ಸ್ಟುಡಿಯೋದಲ್ಲಿ ಬರಹಗಾರ ಜಾನ್ ಹ್ಯೂಸ್ಟನ್‌ಗೂ ಕುರ್ಚಿ ಸಿಕ್ಕಿತು. ಇವರ ಚಿತ್ರಗಳು ಓಡಿದ್ದರಿಂದ ವೈಲ್ಡರ್‌ಗೆ ದಾರಿ ಸುಲಭವಾಯಿತು.

1942ರ 'ದ ಮೇಜರ್ ಅಂಡ್ ದ ಮೈನರ್' ಹಾಲಿವುಡ್ಡಿನಲ್ಲಿ ವೈಲ್ಡರ್ ನಿರ್ದೇಶಿಸಿದ ಮೊದಲ ಚಿತ್ರ. ಇವನು ಏನೋ ಭಾರಿ ಕಲಾಕೃತಿ ಮಾಡಲು ಹೋಗಿ ಮುಗ್ಗರಿಸಿ, ತೆಪ್ಪಗೆ ವಾಪಸ್ ಬರೆಯೋಕೆ ಬರುತ್ತಾನೆ ಅಂತ ಸ್ಟುಡಿಯೋದವರು ಕಾಯುತ್ತಿದ್ದರು ಅಂತ ಅವನೇ ಹೇಳಿದ್ದಾನೆ. ಅದು ಗೊತ್ತಿದ್ದೇ ಜನಕ್ಕೆ ಹಿಡಿಸುವ ನಗೆ ಚಿತ್ರ ಮಾಡಿದ. ಗೆದ್ದ.

ಇಲ್ಲಿ ಅವನಿಗೆ ಸಿಕ್ಕ ಒಬ್ಬ ಗುರುವಿನ ಬಗ್ಗೆ ಹೇಳಲೇಬೇಕು, ಯಾಕೆಂದರೆ ಜನ ಇವನನ್ನು ಮರೆತೇಬಿಡುತ್ತಾರೆ. ಹೆಸರು ಡೋನ್ ಹ್ಯಾರಿಸನ್, ಸಂಕಲನಕಾರ. ವೈಲ್ಡರ್‌ಗೆ ಮಾತು ಬರೆಯುವುದು ಗೊತ್ತಿತ್ತು, ಕ್ಯಾಮೆರಾ ಎಲ್ಲಿಡಬೇಕು ಅನ್ನುವುದು ಅಷ್ಟಾಗಿ ಗೊತ್ತಿರಲಿಲ್ಲ. ಹ್ಯಾರಿಸನ್‌ನನ್ನು ಸೆಟ್ಟಿನಲ್ಲೇ ಪಕ್ಕದಲ್ಲಿ ಇಟ್ಟುಕೊಂಡ.

ಹ್ಯಾರಿಸನ್ ಕಲಿಸಿದ್ದು ಏನು? ಇಬ್ಬರು ಮೇಜಿನ ಎದುರು ಬದುರು ಕೂತು ಮಾತಾಡುವ ದೃಶ್ಯ ಅಂದುಕೊಳ್ಳಿ. ಸಾಮಾನ್ಯವಾಗಿ ಮೊದಲು ಇಡೀ ದೃಶ್ಯವನ್ನು ದೂರದಿಂದ ತೆಗೆಯುತ್ತಾರೆ. ಆಮೇಲೆ ಇವನ ಹೆಗಲ ಮೇಲಿಂದ ಅವಳು, ಅವಳ ಹೆಗಲ ಮೇಲಿಂದ ಇವನು. ಆಮೇಲೆ ಇಬ್ಬರ ಮುಖದ ಕ್ಲೋಸ್‌ಅಪ್. ಅದೇ ಮಾತನ್ನು ಐದು ಸಲ ಆಡಿಸಿ ಐದು ಕಡೆಯಿಂದ ತೆಗೆದಿಟ್ಟರೆ, ಯಾವುದು ಎಲ್ಲಿ ಬೇಕೋ ಸಂಕಲನದಲ್ಲಿ ಆರಿಸಿಕೊಳ್ಳಬಹುದು. ಅನುಕೂಲ, ಅಲ್ವಾ? ಆದರೆ ಆರಿಸುವ ಕೈ ನಿರ್ದೇಶಕನದೇ ಆಗಿರಬೇಕಿಲ್ಲ. ನಿರ್ಮಾಪಕ ಬಂದು ನಾಯಕಿಯ ಮುಖ ಇನ್ನೂ ಜಾಸ್ತಿ ಇರಲಿ ಅಂದರೆ, ಡಬ್ಬಿಯಲ್ಲಿ ಆ ಮುಖ ರೆಡಿ ಇರುತ್ತದೆ. ಹ್ಯಾರಿಸನ್ ಹೇಳಿಕೊಟ್ಟದ್ದು ಇದಕ್ಕೆ ಉಲ್ಟಾ. ಯಾವ ಮಾತು ಯಾವ ಕಡೆಯಿಂದ ಕಾಣಬೇಕು ಅಂತ ಮೊದಲೇ ತೀರ್ಮಾನ ಮಾಡು, ಅಷ್ಟನ್ನೇ ತೆಗಿ. ಆಮೇಲೆ ಯಾರು ಕತ್ತರಿ ಹಿಡಿದು ಬಂದರೂ ಅವರ ಕೈಗೆ ಸಿಗುವುದು ನೀನು ಅಂದುಕೊಂಡ ಚಿತ್ರದ ತುಂಡುಗಳು ಮಾತ್ರ. ಫಿಲ್ಮೂ ಉಳಿತಾಯ, ಮಾನವೂ ಉಳಿತಾಯ.

ಇದು ಪಕ್ಕಾ ಬರಹಗಾರನ ನಿರ್ದೇಶನ ಅಂತ ನನ್ನ ಅನಿಸಿಕೆ. ಸಾಲು ಬರೆಯುವಾಗ ಹತ್ತು ಪದ ಇಟ್ಟು ಓದುವವರಿಗೆ ಆರಿಸಿಕೋ ಅಂತ ಹೇಳುವುದಿಲ್ಲವಲ್ಲ.

ಈಗ ಕತ್ತರಿಯ ವಿಷಯ. 1944ರ 'ಡಬಲ್ ಇಂಡೆಮ್ನಿಟಿ'. ವಿಮೆ ಏಜೆಂಟ್ ಒಬ್ಬ ಒಬ್ಬಳ ಮೋಹಕ್ಕೆ ಬಿದ್ದು ಅವಳ ಗಂಡನನ್ನು ಕೊಲ್ಲುತ್ತಾನೆ. ಬ್ರಾಕೆಟ್‌ಗೆ ಕಥೆ ಹೊಲಸು ಅನಿಸಿತು, ಕೈ ಎತ್ತಿಬಿಟ್ಟ. ಬದಲಿಗೆ ಪತ್ತೇದಾರಿ ಕಾದಂಬರಿಗಳ ರೇಮಂಡ್ ಚಾಂಡ್ಲರ್ ಬಂದ. ಅವನಿಗೆ ಚಿತ್ರಕಥೆ ಅನ್ನುವುದೇ ಹೊಸದು, ವೈಲ್ಡರ್‌ನನ್ನು ಕಂಡರಂತೂ ಆಗುತ್ತಿರಲಿಲ್ಲ. ಮೂಗಿನ ಮುಂದೆ ಬೆತ್ತ ಆಡಿಸುತ್ತಾನೆ, ಕೋಣೆಯೊಳಗೂ ಟೋಪಿ ತೆಗೆಯುವುದಿಲ್ಲ ಅಂತೆಲ್ಲ ಸ್ಟುಡಿಯೋಗೆ ದೂರು ಕೊಟ್ಟ. ಇಂಥ ಜಗಳದಿಂದ ಹುಟ್ಟಿದ ಸಂಭಾಷಣೆ ಇವತ್ತಿಗೂ ಚಾಕುವಿನ ಹಾಗಿದೆ.

ಆ ಚಿತ್ರಕ್ಕೆ ಬರೆದಿದ್ದ ಕೊನೆಯ ದೃಶ್ಯದಲ್ಲಿ ಕೊಲೆಗಾರನನ್ನು ಗ್ಯಾಸ್ ಚೇಂಬರಿಗೆ ಹಾಕುತ್ತಾರೆ, ಅವನನ್ನು ಮಗನ ಹಾಗೆ ನೋಡಿದ್ದ ಹಿರಿಯ ಸಹೋದ್ಯೋಗಿ ಕೀಸ್ ಹೊರಗಿಂದ ನೋಡುತ್ತ ನಿಲ್ಲುತ್ತಾನೆ. ಇದಕ್ಕೆಂದೇ ಸೆಟ್ ಹಾಕಿದರು. ದುಡ್ಡು ಸುರಿದು ಚಿತ್ರೀಕರಣವನ್ನೂ ಮುಗಿಸಿದರು. ಆಮೇಲೆ ವೈಲ್ಡರ್ ಇಡೀ ದೃಶ್ಯವನ್ನು ತೆಗೆದು ಬಿಸಾಕಿದ.

ಯಾಕೆ ಅಂತ ಅರ್ಥವಾಗಬೇಕಾದರೆ ಒಂದು ಬೆಂಕಿಕಡ್ಡಿಯನ್ನು ನೋಡಬೇಕು. ಚಿತ್ರದುದ್ದಕ್ಕೂ ಕೀಸ್ ಚುಟ್ಟಾ ಬಾಯಿಗಿಟ್ಟುಕೊಂಡು ಬೆಂಕಿಕಡ್ಡಿಗೆ ಜೇಬು ತಡಕುತ್ತಾನೆ. ಪ್ರತಿ ಸಲ ನಾಯಕ ಹೆಬ್ಬೆರಳ ಉಗುರಿನಲ್ಲಿ ಕಡ್ಡಿ ಗೀರಿ ಹಚ್ಚಿಕೊಡುತ್ತಾನೆ. ನಾವು ಅದನ್ನು ತಮಾಷೆ ಅಂತ ನೋಡಿ ಮರೆಯುತ್ತೇವೆ. ಕೊನೆಯಲ್ಲಿ ನಾಯಕ ಗುಂಡೇಟು ತಿಂದು ಬಾಗಿಲ ಹತ್ತಿರ ಕುಸಿದು ಬಿದ್ದಿದ್ದಾನೆ. ಸಿಗರೇಟು ಬಾಯಿಗಿಡುತ್ತಾನೆ, ಕಡ್ಡಿ ಗೀರಲು ಕೈಯಲ್ಲಿ ಶಕ್ತಿ ಇಲ್ಲ. ಈ ಸಲ ಕೀಸ್ ಬಗ್ಗಿ ಹಚ್ಚಿಕೊಡುತ್ತಾನೆ. ಅಷ್ಟೇ. ಇಬ್ಬರ ನಡುವೆ ಇದ್ದದ್ದೆಲ್ಲ ಅಲ್ಲಿ ಬಂದುಬಿಟ್ಟಿತು. ಇದರ ಮೇಲೆ ಗ್ಯಾಸ್ ಚೇಂಬರ್ ತೋರಿಸಿದರೆ ಹೇಳಿದ್ದನ್ನೇ ಕೂಗಿ ಹೇಳಿದ ಹಾಗೆ. ಬರೀ ಬರಹಗಾರನಾಗಿದ್ದರೆ ವೈಲ್ಡರ್ ಆ ದೃಶ್ಯಕ್ಕಾಗಿ ಕಾದಾಡುತ್ತಿದ್ದನೋ ಏನೋ. ತೆರೆ ಮೇಲೆ ಕಡ್ಡಿ ಹತ್ತಿದ್ದನ್ನು ಕಂಡವನಿಗೆ ಕಾದಾಡುವ ಅಗತ್ಯ ಬೀಳಲಿಲ್ಲ.

1950ರ 'ಸನ್‌ಸೆಟ್ ಬುಲೆವಾರ್ಡ್'ನದು ಇನ್ನೊಂದು ಥರ. ಸತ್ತವನೇ ಕಥೆ ಹೇಳುವ ಚಿತ್ರ ಅದು. ಮೊದಲು ಮಾಡಿದ್ದ ಆರಂಭದಲ್ಲಿ ಶವಾಗಾರದ ಹೆಣಗಳು ಸಾಲಾಗಿ ಮಲಗಿ, ನೀನು ಹೇಗೆ ಸತ್ತೆ ಅಂತ ಒಬ್ಬರನ್ನೊಬ್ಬರು ಕೇಳುತ್ತಿದ್ದವು. ಇಲಿನಾಯ್ ರಾಜ್ಯದ ಎವನ್‌ಸ್ಟನ್‌ನಲ್ಲಿ ಜನರಿಗೆ ತೋರಿಸಿ ನೋಡಿದರು. ಹೆಣದ ಕಾಲ್ಬೆರಳಿಗೆ ಚೀಟಿ ಕಟ್ಟುವಾಗ ಜನ ಗೊಳ್ಳೆಂದು ನಕ್ಕರು. ಆ ನಗು ಬಂದ ಮೇಲೆ ಮುಂದಿನದ್ದು ಯಾವುದೂ ಅವರಿಗೆ ಗಂಭೀರವಾಗಿ ಕಾಣಲಿಲ್ಲ. ವೈಲ್ಡರ್ ಬೇಜಾರಿನಲ್ಲಿ ಹೊರಗೆ ಬಂದು ಕೂತನಂತೆ. ಆಮೇಲೆ ಆ ಆರಂಭವನ್ನು ಕಿತ್ತು ಹಾಕಿ, ಪೊಲೀಸ್ ಗಾಡಿಗಳ ಸದ್ದು ಮತ್ತು ಈಜುಕೊಳದಲ್ಲಿ ತೇಲುವ ಹೆಣದಿಂದ ಶುರುಮಾಡಿದ. ಹೆಣ ಕಥೆ ಹೇಳುವುದು ಉಳಿಯಿತು, ಹೆಣಗಳ ಹರಟೆ ಹೋಯಿತು. ಈಗ ಸಿನಿಮಾ ಕಲಿಸುವವರು ಒಳ್ಳೆಯ ಆರಂಭ ಅಂತ ತೋರಿಸುವುದು ಅದನ್ನೇ.

ಅಲ್ಲಿಗೆ ಬ್ರಾಕೆಟ್ ಜೊತೆಗಿನ ನಂಟೂ ಮುಗಿಯಿತು. ನಡುವಿನ ಕೆಲವು ವರ್ಷ ಬೇರೆ ಬೇರೆಯವರ ಜೊತೆ ಬರೆದ. 1951ರ 'ಏಸ್ ಇನ್ ದ ಹೋಲ್' ಸೋತಿತು, ಸ್ಟುಡಿಯೋದವರು ಅವನನ್ನು ಕೇಳದೆ ಹೆಸರು ಬದಲಾಯಿಸಿ ನೋಡಿದರೂ ಓಡಲಿಲ್ಲ. 1957ರ ಹೊತ್ತಿಗೆ ಎರಡನೇ ಜೊತೆಗಾರ ಸಿಕ್ಕ, ಐ. ಎ. ಎಲ್. ಡೈಮಂಡ್. ಇವನು ಮಾತು ಕಮ್ಮಿ. ಶೂಟಿಂಗ್ ನಡೆಯುವಾಗ ಇವನೂ ಅಲ್ಲೇ ಇರುತ್ತಿದ್ದ, ನಟರು ಬರೆದದ್ದನ್ನು ಬರೆದ ಹಾಗೇ ಹೇಳುತ್ತಾರಾ ಅಂತ ಕಿವಿಗೊಟ್ಟು. ಒಂದು ಪದ ಅತ್ತಿತ್ತ ಆದರೂ ಮತ್ತೆ ಟೇಕ್. ಒಂದು ಕಾಲಕ್ಕೆ ಬರಹಗಾರರನ್ನು ಸೆಟ್ಟಿಗೆ ಬಿಡದ ಊರಿನಲ್ಲಿ ಬರಹಗಾರನೇ ಕಾವಲಿಗೆ ನಿಂತ.

ಇಬ್ಬರೂ ಬರೆದ 'ಸಮ್ ಲೈಕ್ ಇಟ್ ಹಾಟ್' 1959ರಲ್ಲಿ ಬಂತು. ಹೆಣ್ಣುವೇಷದಲ್ಲಿರುವ ನಾಯಕ ತಾನು ಗಂಡಸು ಅಂತ ಒಪ್ಪಿಕೊಂಡಾಗ, ಅವನನ್ನು ಮದುವೆಯಾಗಲು ಹಟ ಹಿಡಿದ ಮುದುಕ ಹೇಳುವ ಕೊನೆಯ ಮಾತು, 'ಪರವಾಗಿಲ್ಲ ಬಿಡು, ಯಾರೂ ಪರಿಪೂರ್ಣರಲ್ಲ' ಅನ್ನುವ ಅರ್ಥದ್ದು. ಡೈಮಂಡ್ ಅದನ್ನು ಸೂಚಿಸಿದಾಗ, ಸದ್ಯಕ್ಕೆ ಇದಿರಲಿ, ಇದಕ್ಕಿಂತ ಒಳ್ಳೆಯದು ಹೊಳೆದರೆ ಹಾಕೋಣ ಅಂತ ಇಟ್ಟಿದ್ದರು. ಹೊಳೆಯಲಿಲ್ಲ.

ಆದರೆ ಬರಹಗಾರ ಮತ್ತು ನಿರ್ದೇಶಕ ಒಬ್ಬನೇ ಆದರೆ ಏನಾಗುತ್ತದೆ ಅಂತ ನೋಡಬೇಕಾದರೆ 1960ರ 'ದ ಅಪಾರ್ಟ್‌ಮೆಂಟ್' ನೋಡಿ. ಇದರ ಬೀಜ ಹದಿನೈದು ವರ್ಷ ಹಳೆಯದು. 1945ರ ಬ್ರಿಟಿಷ್ ಚಿತ್ರ 'ಬ್ರೀಫ್ ಎನ್‌ಕೌಂಟರ್'ನಲ್ಲಿ ಇಬ್ಬರು ಪ್ರೇಮಿಗಳು ಗೆಳೆಯನೊಬ್ಬನ ಮನೆಯಲ್ಲಿ ಸೇರುತ್ತಾರೆ. ಎಲ್ಲರೂ ಪ್ರೇಮಿಗಳನ್ನು ನೋಡಿದರೆ ವೈಲ್ಡರ್ ಆ ಗೆಳೆಯನ ಬಗ್ಗೆ ಯೋಚಿಸಿದ: ಅವರು ಹೋದ ಮೇಲೆ ಬಂದು ಆ ಬಿಸಿ ಆರದ ಹಾಸಿಗೆಯಲ್ಲಿ ಮಲಗುವವನು ಯಾರು? ಆಗಿನ ಸೆನ್ಸಾರ್ ನಿಯಮದಲ್ಲಿ ಅದನ್ನು ಚಿತ್ರ ಮಾಡುವ ಹಾಗಿರಲಿಲ್ಲ. ಬರೆದಿಟ್ಟುಕೊಂಡು ಕಾದ.

ಬ್ಯಾಕ್ಸ್‌ಟರ್ ದೊಡ್ಡ ವಿಮೆ ಕಂಪನಿಯ ಗುಮಾಸ್ತ. ಮೇಲಧಿಕಾರಿಗಳು ಪ್ರೇಯಸಿಯರನ್ನು ಕರೆದುಕೊಂಡು ಹೋಗಲು ತನ್ನ ಮನೆಯ ಕೀ ಕೊಡುತ್ತಾನೆ, ಬದಲಿಗೆ ಬಡ್ತಿ. ಅವನಿಗೆ ಲಿಫ್ಟ್ ನಡೆಸುವ ಫ್ರಾನ್ ಮೇಲೆ ಮನಸ್ಸು. ದೊಡ್ಡ ಸಾಹೇಬ ಶೆಲ್ಡ್ರೇಕ್ ಆ ಮನೆಗೆ ಕರೆತರುವುದು ಅವಳನ್ನೇ ಅಂತ ಬ್ಯಾಕ್ಸ್‌ಟರ್‌ಗೆ ಗೊತ್ತಿಲ್ಲ. ಒಂದು ದಿನ ಮನೆಯಲ್ಲಿ ಯಾರೋ ಬಿಟ್ಟು ಹೋದ ಪೌಡರ್ ಡಬ್ಬಿ ಸಿಗುತ್ತದೆ. ಮುಚ್ಚಳದ ಒಳಗಿನ ಕನ್ನಡಿ ಒಡೆದಿದೆ. ತಂದು ಶೆಲ್ಡ್ರೇಕ್‌ಗೆ ಕೊಡುತ್ತಾನೆ. ಅವಳು ನನ್ನ ಮೇಲೆ ಎಸೆದಳು ಅಂತ ಶೆಲ್ಡ್ರೇಕ್ ನಕ್ಕು ಜೇಬಿಗಿಡುತ್ತಾನೆ. ನಮ್ಮ ತಟ್ಟೆ ನೆನಪಿದೆಯಲ್ಲ? ಇಲ್ಲಿ ಅದನ್ನು ಇಟ್ಟಾಯಿತು.

ಕ್ರಿಸ್‌ಮಸ್ ಹಿಂದಿನ ದಿನ, ಆಫೀಸಿನಲ್ಲಿ ಪಾರ್ಟಿ. ಬ್ಯಾಕ್ಸ್‌ಟರ್‌ಗೆ ಬಡ್ತಿ ಸಿಕ್ಕಿದೆ, ಅದಕ್ಕೆ ತಕ್ಕ ಹಾಗೆ ಹೊಸ ದುಂಡು ಟೋಪಿ ಕೊಂಡಿದ್ದಾನೆ. ನನಗೆ ಒಪ್ಪುತ್ತದಾ ಅಂತ ಫ್ರಾನ್‌ಗೆ ಕೇಳುತ್ತಾನೆ. ಅವಳ ಮನಸ್ಸು ಬೇರೆ ಎಲ್ಲೋ ಇದೆ. ನೋಡಿಕೊಳ್ಳಿ ಅಂತ ಕೈಚೀಲದಿಂದ ಪೌಡರ್ ಡಬ್ಬಿ ತೆಗೆದು ಕೊಡುತ್ತಾಳೆ. ಅವನು ಬಿಚ್ಚುತ್ತಾನೆ. ಒಡೆದ ಕನ್ನಡಿಯಲ್ಲಿ ಹೊಸ ಟೋಪಿಯ ಕೆಳಗೆ ಅವನ ಮುಖ ಸೀಳಿ ಎರಡಾಗಿ ಕಾಣುತ್ತದೆ. ಕನ್ನಡಿ ಒಡೆದಿದೆ ಅನ್ನುತ್ತಾನೆ. ಗೊತ್ತು, ನನ್ನ ಮನಸ್ಸಿನ ಹಾಗೇ ಇದೆ ಅನ್ನುವ ಅರ್ಥದಲ್ಲಿ ಅವಳು ಏನೋ ಹೇಳುತ್ತಾಳೆ. ಅವನಿಗೆ ಎಲ್ಲ ತಿಳಿಯಿತು. ತಿಳಿಯಿತು ಅಂತ ಅವಳಿಗೆ ತಿಳಿಯಲಿಲ್ಲ. ಎರಡೂ ನಮಗೆ ತಿಳಿಯಿತು.

ಇದರಲ್ಲಿ ಬರೆದದ್ದು ಯಾವುದು, ನಿರ್ದೇಶನ ಯಾವುದು? ಡಬ್ಬಿ ಕೈಯಿಂದ ಕೈಗೆ ಹೋಗುವ ಲೆಕ್ಕಾಚಾರ ಬರವಣಿಗೆಯದು. ಬಿಚ್ಚಿದಾಗ ಡಬ್ಬಿಯನ್ನು ತೋರಿಸದೆ ಸೀಳಿದ ಮುಖವನ್ನು ತೋರಿಸಿದ್ದು ನಿರ್ದೇಶನದ್ದು. ಪಾರ್ಟಿಯ ಗದ್ದಲವನ್ನು ನಿಲ್ಲಿಸದೆ ಹಾಗೇ ಬಿಟ್ಟದ್ದೂ ಅದೇ. ಇಬ್ಬರು ಬೇರೆ ಬೇರೆಯಾಗಿದ್ದು, ನಡುವೆ ಒಬ್ಬ ನಟ ಬಂದು ಕನ್ನಡಿಯನ್ನೇಕೆ ನೋಡಬೇಕು, ನೇರವಾಗಿ ಮಾತಾಡುತ್ತೇನೆ ಅಂದಿದ್ದರೆ? ಜಿರಳೆಗೆ ಬಂದ ಗತಿಯೇ ಡಬ್ಬಿಗೂ ಬರುತ್ತಿತ್ತು. ನಿನೋಚ್ಕಾಳ ಟೋಪಿಯಿಂದ ಈ ಡಬ್ಬಿಯವರೆಗೆ 21 ವರ್ಷ.

ಆ ಚಿತ್ರಕ್ಕೆ ಐದು ಆಸ್ಕರ್ ಬಂದವು. ಮೂರು ವೈಲ್ಡರ್‌ದು: ನಿರ್ಮಾಪಕನಾಗಿ, ನಿರ್ದೇಶಕನಾಗಿ, ಡೈಮಂಡ್ ಜೊತೆ ಬರಹಗಾರನಾಗಿ. ಅದಕ್ಕಿಂತ ಮೇಲೆ ಹೋಗಲು ಜಾಗ ಇರಲಿಲ್ಲ.

ಇಳಿಜಾರನ್ನು ಬೇಗ ದಾಟೋಣ, ಒಂದು ಕಡೆ ಮಾತ್ರ ನಿಂತು. 1970ರಲ್ಲಿ ಅವನು ಷೆರ್ಲಾಕ್ ಹೋಮ್ಸ್ ಬಗ್ಗೆ ಒಂದು ದೊಡ್ಡ ಚಿತ್ರ ಮಾಡಿದ. ಹಲವು ಕಥೆಗಳನ್ನು ಪೋಣಿಸಿದ್ದು, ಮೂರು ಗಂಟೆ ದಾಟಿತ್ತು. ವಿತರಕರಿಗೆ ಹೆದರಿಕೆ ಹತ್ತಿತು. ವೈಲ್ಡರ್ ಇಲ್ಲದ ಹೊತ್ತಿನಲ್ಲಿ ಕತ್ತರಿಸಿ ಎರಡು ಗಂಟೆ ಐದು ನಿಮಿಷಕ್ಕೆ ಇಳಿಸಿದರು. ಹ್ಯಾರಿಸನ್ ಕಲಿಸಿದ ಉಪಾಯ ಇಲ್ಲಿ ನಡೆಯಲಿಲ್ಲ. ಒಂದು ದೃಶ್ಯದ ಒಳಗೆ ಯಾರೂ ಕೈ ಹಾಕದ ಹಾಗೆ ಶೂಟ್ ಮಾಡಬಹುದು, ಇಡೀ ಇಡೀ ಕಥೆಗಳನ್ನೇ ಎತ್ತಿ ಬಿಸಾಡಿದರೆ ಏನು ಮಾಡುವುದು? ತೆಗೆದ ಭಾಗಗಳಲ್ಲಿ ಎಷ್ಟೋ ಪೂರ್ತಿ ಸಿಕ್ಕಿಲ್ಲ. ಕೆಲವಕ್ಕೆ ಚಿತ್ರ ಇದೆ, ಧ್ವನಿ ಇಲ್ಲ. ಕೆಲವಕ್ಕೆ ಧ್ವನಿ ಇದೆ, ಚಿತ್ರ ಇಲ್ಲ. ಗ್ಯಾಸ್ ಚೇಂಬರ್ ಹೋದದ್ದಕ್ಕೂ ಇದಕ್ಕೂ ಇರುವ ವ್ಯತ್ಯಾಸ ಕತ್ತರಿಯಲ್ಲಿಲ್ಲ, ಅದನ್ನು ಹಿಡಿದ ಕೈಯಲ್ಲಿದೆ.

1981ರಲ್ಲಿ ಕೊನೆಯ ಚಿತ್ರ. ಹಾಲಿವುಡ್ಡಿನಲ್ಲಿ ಅವನು ನಿರ್ದೇಶಿಸಿದ್ದು ಒಟ್ಟು 25. ಅದಾದ ಮೇಲೆ 21 ವರ್ಷ ಬದುಕಿದ್ದ, ಒಂದೂ ಚಿತ್ರ ಸಿಗಲಿಲ್ಲ. ನಾಜಿಗಳಿಂದ ಯಹೂದಿಗಳನ್ನು ಉಳಿಸಿದ ಷಿಂಡ್ಲರ್‌ನ ಕಥೆಯನ್ನು ಮಾಡುವ ಆಸೆ ಇತ್ತು, ಹಕ್ಕು ಸ್ಟೀವನ್ ಸ್ಪೀಲ್‌ಬರ್ಗ್ ಕೈಯಲ್ಲಿತ್ತು. ತಾಯಿಯ ಕಡೆಯಿಂದ ನೋಡಿದರೆ ಅದು ವೈಲ್ಡರ್‌ನ ಮನೆಯ ಕಥೆ. ವರ್ಷಗಳಿಂದ ಕೂಡಿಟ್ಟಿದ್ದ ಚಿತ್ರಕಲಾ ಸಂಗ್ರಹವನ್ನು 1989ರಲ್ಲಿ ಹರಾಜಿಗೆ ಹಾಕಿದಾಗ 3 ಕೋಟಿ 26 ಲಕ್ಷ ಡಾಲರ್ ಬಂತು. ಸಿನಿಮಾದಲ್ಲಿ ಇಷ್ಟು ಕಂಡಿರಲಿಲ್ಲ. 2002ರ ಮಾರ್ಚ್‌ನಲ್ಲಿ, 95ನೇ ವಯಸ್ಸಿನಲ್ಲಿ ತೀರಿಕೊಂಡ. ಲಾಸ್ ಏಂಜಲೀಸ್‌ನಲ್ಲಿರುವ ಸಮಾಧಿ ಕಲ್ಲಿನ ಮೇಲೆ, ತಾನು ಬರಹಗಾರ, ಏನು ಮಾಡುವುದು, ಯಾರೂ ಪರಿಪೂರ್ಣರಲ್ಲ ಅಂತ ಕೆತ್ತಿದೆ. ನಿರ್ದೇಶಕ ಅನ್ನುವ ಪದ ಅದರಲ್ಲಿಲ್ಲ.

ಅದಕ್ಕೆ ಹದಿನಾಲ್ಕು ವರ್ಷ ಮೊದಲು, 1988ರ ಆಸ್ಕರ್ ಸಮಾರಂಭದಲ್ಲಿ ಅವನಿಗೆ ಜೀವಮಾನದ ಕೆಲಸಕ್ಕಾಗಿ ಥಾಲ್‌ಬರ್ಗ್ ಪ್ರಶಸ್ತಿ ಕೊಟ್ಟರು. ವೇದಿಕೆ ಮೇಲೆ ನಿಂತವನು, ಮೆಕ್ಸಿಕೋ ಗಡಿಯ ಮೆಕ್ಸಿಕಾಲಿ ಊರಿನಲ್ಲಿದ್ದ ಒಬ್ಬ ಅಮೆರಿಕನ್ ಕಾನ್ಸುಲ್ ಅಧಿಕಾರಿಯನ್ನು ನೆನೆದ. 1934ರಲ್ಲಿ ವೀಸಾ ಕೇಳಲು ಹೋದಾಗ ವೈಲ್ಡರ್ ಹತ್ತಿರ ಬೇಕಾದ ಕಾಗದಗಳು ಇರಲಿಲ್ಲ. ಎಲ್ಲವೂ ಜರ್ಮನಿಯಲ್ಲಿ. ಅಲ್ಲಿಗೆ ಬರೆದು ತರಿಸುವ ಹಾಗೂ ಇರಲಿಲ್ಲ. ನೀನು ಏನು ಕೆಲಸ ಮಾಡುತ್ತೀಯ ಅಂತ ಅಧಿಕಾರಿ ಕೇಳಿದ. ಸಿನಿಮಾಗಳಿಗೆ ಬರೆಯುತ್ತೇನೆ ಅಂತ ವೈಲ್ಡರ್ ಹೇಳಿದ. ಅಧಿಕಾರಿ ಎದ್ದು ಕೋಣೆಯಲ್ಲಿ ಒಂದೆರಡು ಸುತ್ತು ಹಾಕಿದ. ಪಾಸ್‌ಪೋರ್ಟ್ ಎತ್ತಿಕೊಂಡ, ಮೊಹರು ಒತ್ತಿದ, ವಾಪಸ್ ಕೊಟ್ಟ. ಕೊಡುವಾಗ, ಹಾಗಾದರೆ ಒಳ್ಳೆಯವನ್ನು ಬರಿ ಅಂದ.